ಮಾದಯ್ಯನ ಟೆಸ್ಟಿಂಗ್ ಹಾಡು

ಮೈಕು ಗುಂಯ್ ಅಂದರೆ ಸಣ್ಣಮಾದಯ್ಯ ಮೊದಲು ವೈರನ್ನು ಅನುಮಾನಿಸುತ್ತಿದ್ದ. ವೈರಿನದು ತಪ್ಪಿಲ್ಲವೆಂದಾದರೆ ಪಿನ್ನು, ಆಮೇಲೆ ಆಂಪ್ಲಿಫೈಯರು, ಆಮೇಲೆ ಆ ಬೀದಿಯ ಕರೆಂಟು. ಮನುಷ್ಯನ ಸರದಿ ಕಟ್ಟಕಡೆಗೆ. "ಮೈಕ್ ಹಿಡ್ಕೊಂಡೋನ್ನ ಬೈದ್ರೆ ಗುಂಯ್ ಅನ್ನೋದು ನಿಲ್ಲಲ್ಲ ಕಣೋ" ಅನ್ನುತ್ತಿದ್ದ. ಈ ಸರದಿಯನ್ನು ಜನ ತಲೆಕೆಳಗು ಮಾಡಿದ್ದು ಅವನ ಬದುಕಿನ ಕೊನೆಯ ವರ್ಷದಲ್ಲಿ. ಅದೂ ಒಂದು ಹಾಡಿನ ದೆಸೆಯಿಂದ.

ರಾಜೀವನಗರದ ಅವನ ಮೈಕ್ ಸೆಟ್ ಅಂಗಡಿಯಿಂದ ಹೊರಟ ಸ್ಪೀಕರ್ ಬಾಕ್ಸುಗಳು ಮೈಸೂರಲ್ಲಿ ಕಾಣದ ಜಾಗವಿರಲಿಲ್ಲ. ಜಯಂತಿಗೂ ಅವೇ, ಉರುಸಿಗೂ ಅವೇ, ಮಠದ ಪ್ರವಚನಕ್ಕೂ ಅವೇ. ಇವತ್ತು ಒಬ್ಬ ಮುಖಂಡ ಇನ್ನೊಬ್ಬನನ್ನು ಕಳ್ಳ ಅಂದದ್ದು ಮಾದಯ್ಯನ ಮೈಕಿನಲ್ಲಾದರೆ, ನಾಳೆ ಆ ಇನ್ನೊಬ್ಬ ತಿರುಗಿಸಿ ಬೈದದ್ದೂ ಅದೇ ಮೈಕಿನಲ್ಲಿ. 'ಮಾದಯ್ಯ ಯಾರ ಕಡೆಯೋನೂ ಅಲ್ಲ' ಅನ್ನುವ ಮಾತೇ ಅವನ ಬಂಡವಾಳ. ಓಟು ಯಾರಿಗೆ ಹಾಕಿದೆ ಅಂತ ಹೆಂಡತಿ ಮುದ್ದಮ್ಮನಿಗೂ ಬಾಯಿ ಬಿಟ್ಟವನಲ್ಲ.

ಆ ಹಾಡು ಅವನ ಕೈಗೆ ಬಂದದ್ದು ಗೋಕುಲಂನಿಂದ. ಯೋಗ ಕಲಿಯಲು ಬಂದಿದ್ದ ಸರ್ಬಿಯಾದ ಹುಡುಗನೊಬ್ಬ ತಾರಸಿಯ ಮೇಲೆ ಹುಟ್ಟುಹಬ್ಬಕ್ಕೆಂದು ಎರಡು ಬಾಕ್ಸು ಬಾಡಿಗೆಗೆ ತಗೊಂಡು, ಪ್ಲೇಯರಿನೊಳಗೆ ಸಿ.ಡಿ. ಮರೆತು, ಮರುವಾರ ಊರಿಗೆ ಹೊರಟುಹೋದ. ಅವನ ದೇಶದ ಒಂದು ರಾಕ್ ತಂಡದ ಆಲ್ಬಮ್ಮು ಅದು. ಹೊದಿಕೆಯ ಮೇಲೆ ಒಂದು ವೇದಿಕೆ, ಸಾಲು ಮೈಕುಗಳು. ಮೈಕಿನ ಹಿಂದೆ ಮನುಷ್ಯನಿಲ್ಲ, ಗೂಟಕ್ಕೆ ನೇತುಹಾಕಿದ ಒಂದು ಕೋಟು ಇದೆ. ಮಾದಯ್ಯ ನೋಡಿದ್ದು ಮೈಕುಗಳನ್ನು ಮಾತ್ರ. ಒಳ್ಳೆಯ ಕಂಪನಿಯವು ಅಂತ ಖುಷಿಪಟ್ಟ.

ಬಾಕ್ಸು ಪರೀಕ್ಷೆ ಮಾಡಲು ಮೈಕ್ ಸೆಟ್ಟಿನವರು ಒಬ್ಬೊಬ್ಬರೂ ಒಂದೊಂದು ಹಾಡು ಇಟ್ಟುಕೊಂಡಿರುತ್ತಾರೆ. ಕಣ್ಣು ಮುಚ್ಚಿಕೊಂಡು ಕೇಳಿದರೂ ಎಲ್ಲಿ ಏನು ಬರುತ್ತದೆ ಅಂತ ಗೊತ್ತಿರಬೇಕು, ಅಂಥದ್ದು. ಆ ಆಲ್ಬಮ್ಮಿನ ಮೊದಲ ಹಾಡು ಮಾದಯ್ಯನಿಗೆ ಹಾಗೆ ಒದಗಿತು. ಮೊದಲು ಡ್ರಮ್ಮು ಒಂದೇ. ಅದು ಕೂತ ಮೇಲೆ ಬೇಸ್ ಗಿಟಾರು. ಆಮೇಲೆ ಎರಡೂ ನಿಂತು ಬರೀ ಒಬ್ಬ ಗಂಡಸಿನ ದನಿ, ಗಂಟಲಲ್ಲಿ ಮರಳಿದ್ದ ಹಾಗೆ. ಕೊನೆಗೆ ತುತ್ತೂರಿ, ಗಿಟಾರು ಎಲ್ಲ ಒಟ್ಟಿಗೆ ನುಗ್ಗುತ್ತವೆ. "ಮದ್ವೆ ಮನೆಗೆ ನೆಂಟ್ರು ಒಬ್ಬೊಬ್ರಾಗಿ ಬಂದು ಮುಖ ತೋರ್ಸ್ದಂಗೆ. ಯಾವ ಬಾಕ್ಸಿಗೆ ನೆಗಡಿ ಆಗದೆ ಅಂತ ತಟ್ಟನೆ ಗೊತ್ತಾಯ್ತದೆ" ಅನ್ನುತ್ತಿದ್ದ. ವರ್ಷಗಟ್ಟಲೆ ಎಲ್ಲ ಪಕ್ಷಗಳ ವೇದಿಕೆಯಲ್ಲೂ ಭಾಷಣಕ್ಕೆ ಮುಂಚೆ ಆ ಹಾಡು ಮೊಳಗಿತು. ಕುರ್ಚಿ ಹಾಕುವವರು ಅದರ ತಾಳಕ್ಕೇ ಕುರ್ಚಿ ಹಾಕುತ್ತಿದ್ದರು. ಅದೇನು ಅಂತ ಒಬ್ಬರೂ ಕೇಳಲಿಲ್ಲ.

ಕೇಳಿದ್ದು ದಟ್ಟಗಳ್ಳಿಯಲ್ಲಿ. ಲಷ್ಕರ್ ಮೊಹಲ್ಲಾದ ಬಟ್ಟೆ ಅಂಗಡಿಯ ಸಿದ್ದಲಿಂಗಸ್ವಾಮಿ ಆ ಬಡಾವಣೆಯಲ್ಲಿ ಮನೆ ಕಟ್ಟಿ, ಕಾರ್ಪೊರೇಷನ್ ಚುನಾವಣೆಗೆ ನಿಲ್ಲುವ ತಯಾರಿಯಲ್ಲಿದ್ದ. ಏಪ್ರಿಲ್ ಬಿಸಿಲಲ್ಲೂ ಕಪ್ಪು ಕೋಟು ಬಿಚ್ಚದ ಮನುಷ್ಯ. ಅವನ ಬಲಗೈ ಸುಂದರೇಶ. ಪಾರ್ಕಿನಲ್ಲಿ ಸಭೆ. ಮಾದಯ್ಯ ಹಾಡು ಹಾಕಿ, ಒಂದೊಂದು ಬಾಕ್ಸಿನ ಮುಂದೆ ಕಿವಿಯೊಡ್ಡಿ ನಡೆಯುತ್ತಿದ್ದಾಗ ರಸ್ತೆಯಲ್ಲಿ ಸ್ಕೂಟರಿನ ಮೇಲೆ ಹೋಗುತ್ತಿದ್ದ ಒಬ್ಬ ವಿದೇಶಿ ಹೆಂಗಸು ಗಕ್ಕನೆ ಬ್ರೇಕ್ ಹಾಕಿದಳು. ಬಾಯಿಗೆ ಕೈ ಅಡ್ಡ ಹಿಡಿದು ನಕ್ಕಳು. ಆಮೇಲೆ ಆ ಗಂಡು ದನಿಯ ಜೊತೆಗೆ ತಾನೂ ಹಾಡಿದಳು.

ಸುಂದರೇಶ ಹೋಗಿ ವಿಚಾರಿಸಿದ. ತನ್ನ ದೇಶದ ಹಾಡು ಅಂತ ಇಂಗ್ಲಿಷಿನಲ್ಲಿ ಹೇಳಿದಳು. ಆ ಆಲ್ಬಮ್ಮು ಬಂದಾಗ ಅಲ್ಲಿನ ರೇಡಿಯೊದವರು ಮುಟ್ಟಲು ಹೆದರಿದ್ದರಂತೆ. 'ಕೋಟು ಭಾಷಣ ಮಾಡುತ್ತಿದೆ, ಚಪ್ಪಾಳೆ ತಟ್ಟಿರಿ. ಒಳಗೆ ಯಾರೂ ಇಲ್ಲ, ಜೇಬು ಮಾತ್ರ ತುಂಬಿದೆ' ಅಂತ ಅದರ ಅರ್ಥವಂತೆ. "ಸಭೆಗೆ ಮುಂಚೆ ಇದನ್ನ ಹಾಕ್ತೀರಲ್ಲ, ನೀವು ಧೈರ್ಯವಂತರು" ಅಂತ ಮೆಚ್ಚಿಕೊಂಡು ಸ್ಕೂಟರ್ ಏರಿ ಹೋದಳು.

ಸುಂದರೇಶ ಬಂದವನೇ ಪ್ಲೇಯರ್ ಆರಿಸಿದ.

"ಯಾರ್ ಕೊಟ್ರು ನಿಂಗೆ ಈ ಹಾಡ್ನ?"

"ಗೋಕುಲಂ ಹುಡ್ಗ ಬುಟ್ಟೋಗಿದ್ದು ಸಾರ್. ಟೆಸ್ಟಿಂಗಿಗೆ ಮಡಿಕ್ಕೊಂಡಿವ್ನಿ."

"ಅರ್ಥ ಗೊತ್ತಾ?"

"ಬೇಸ್ ಒಡೀತದಾ ಇಲ್ವಾ ಅಂತ ಗೊತ್ತು."

ಸಿದ್ದಲಿಂಗಸ್ವಾಮಿ ಮೆಲ್ಲಗೆ ಮುಂದೆ ಬಂದ. "ನನ್ ಕೋಟು ನೋಡಿದೀರಾ ಮಾದಯ್ಯ?"

"ನೋಡಿವ್ನಿ ಸಾರ್. ಚೆನ್ನಾಗದೆ."

"ನೋಡಿ ಅಣ್ಣ, ಎಂಗೆ ಅಣಕಿಸ್ತಾನೆ" ಅಂದ ಸುಂದರೇಶ.

"ಆ ಕಡೆಯೋರ ಸಭೇಲೂ ಇದನ್ನೇ ಹಾಕೋದು ಸಾರ್. ಬೇಕಾರೆ ಕೇಳಿ."

"ಅವ್ರು ಕೋಟು ಹಾಕಲ್ವಲ್ಲ" ಅಂದ ಸಿದ್ದಲಿಂಗಸ್ವಾಮಿ.

ಎದುರು ಪಾರ್ಟಿಯವರು ಮಾದಯ್ಯನನ್ನು ಕೊಂಡುಕೊಂಡಿದ್ದಾರೆ ಅನ್ನುವ ಸುದ್ದಿ ಹೊತ್ತು ಮುಳುಗುವುದರೊಳಗೆ ಊರೆಲ್ಲ ಹರಡಿತು. ಎದುರು ಪಾರ್ಟಿಯವರು ಹೊಟ್ಟೆ ಹಿಡಿದುಕೊಂಡು ನಕ್ಕರು. ನಗು ಮುಗಿದ ಮೇಲೆ ಅವರಿಗೂ ಒಂದು ಯೋಚನೆ ಹತ್ತಿತು: ನಮ್ಮ ವೇದಿಕೆಯಲ್ಲೂ ಇದೇ ಹಾಕಿದ್ನಲ್ಲ, ಹಂಗಾರೆ ಜೇಬು ಅಂದಿದ್ದು ಯಾರಿಗೆ? ಎರಡೂ ಕಡೆಯಿಂದ ಫೋನು ನಿಂತಿತು. ಟೀ ಅಂಗಡಿಯಲ್ಲಿ ಅವನು ಬಂದರೆ ಮಾತು ಬದಲಾಗುತ್ತಿತ್ತು. ಮಾತು ಬದಲಾಗದಿದ್ದ ದಿನವೂ, ಬದಲಾಯಿತೇನೋ ಅಂತ ಅವನು ಮುಖ ಮುಖ ನೋಡುತ್ತಿದ್ದ.

ಮನೆಯಲ್ಲಿ ಮಗಳು ಗೌತಮಿ, ಮಾನಸಗಂಗೋತ್ರಿಯಲ್ಲಿ ಓದುತ್ತಿದ್ದವಳು, ಹಾಡಿನ ಸಾಲುಗಳನ್ನೆಲ್ಲ ಫೋನಿನಲ್ಲಿ ಹುಡುಕಿ ಅರ್ಥ ಮಾಡಿಕೊಂಡಳು.

"ಅಪ್ಪ, ನಿಜ ಹೇಳು. ನಿಂಗೆ ಗೊತ್ತಿತ್ತಾ?"

"ಇಲ್ಲ ಕಣಮ್ಮ."

"ಇಷ್ಟ್ ವರ್ಷ ಕೇಳಿದೀಯ. ಏನಂತಾನೆ ಇವ್ನು ಅಂತ ಒಂದ್ಸಲನೂ ಅನ್ನಿಸ್ಲಿಲ್ವಾ?"

ಊರಿನವರ ಮಾತಿಗಿಂತ ಇದು ಆಳಕ್ಕೆ ಇಳಿಯಿತು. ಆ ದನಿಯವನು ಯಾರನ್ನೋ ನೋಡಿ ನಗುತ್ತಿದ್ದಾನೆ ಅಂತ ಮಾದಯ್ಯನ ಕಿವಿಗೆ ಗೊತ್ತಿತ್ತು. ಯಾರನ್ನು ಅಂತ ಅವನು ಕೇಳಿಕೊಳ್ಳಲಿಲ್ಲ. ವೇದಿಕೆಯ ಮೇಲಿನ ಮಾತಿಗೆಲ್ಲ ಅರ್ಥ ಕೇಳುತ್ತಾ ಕೂತರೆ ಮೈಕ್ ಸೆಟ್ ಇಡಲಾಗುತ್ತದೆಯೇ? ಯಾರ ಕಡೆಯವನೂ ಅಲ್ಲ ಅನ್ನಿಸಿಕೊಳ್ಳಲು ಅವನು ಕಿವಿಯನ್ನು ಶಬ್ದಕ್ಕೆ ಮಾತ್ರ ಬಿಟ್ಟುಕೊಟ್ಟಿದ್ದ. ಅದು ತಾನಾಗಿ ಬಂದದ್ದೋ, ತಾನೇ ಮಾಡಿಕೊಂಡದ್ದೋ ಅನ್ನುವ ಅನುಮಾನ ಅವತ್ತು ಹೊಕ್ಕಿತು.

ಬೇರೆ ಮೈಕಿನವರು ಸಿಕ್ಕದೆ ಸಿದ್ದಲಿಂಗಸ್ವಾಮಿಯ ಕಡೆಯವರು ಮತ್ತೊಮ್ಮೆ ಕರೆದರು. ಷರತ್ತು ಒಂದೇ: ಆ ಹಾಡು ಬೇಡ, ನಮ್ಮ ಹಾಡು ಹಾಕಿ ಟೆಸ್ಟ್ ಮಾಡು. ಸಿದ್ದಲಿಂಗಸ್ವಾಮಿಯನ್ನು ಹೊಗಳಿ ಬರೆಸಿದ ಆ ಹಾಡಿನಲ್ಲಿ ಮೊದಲಿನಿಂದ ಕೊನೆವರೆಗೆ ಎಲ್ಲ ವಾದ್ಯಗಳೂ ಒಟ್ಟಿಗೆ ಕಿರುಚುತ್ತಿದ್ದವು. ಹೆಸರು ಉಳಿಸಿಕೊಳ್ಳಬೇಕಿತ್ತು, ಮಾದಯ್ಯ ಒಪ್ಪಿ ಹೋದ.

ಸ್ವಾಮಿ ಭಾಷಣದ ನಡುವೆ ದನಿ ಏರಿಸಿ, "ನನ್ನ ಕೈ ಶುದ್ಧ" ಅಂದ ಹೊತ್ತಿಗೆ ಬಾಕ್ಸು ಕೀಂಯ್ ಅಂತ ಕೂಗಿತು. ಜನ ಕಿವಿ ಮುಚ್ಚಿಕೊಂಡು ನಕ್ಕರು. ಸುಂದರೇಶ ಬಂದು ಕೊರಳಪಟ್ಟಿ ಹಿಡಿದ. "ಬೇಕಂತಲೇ ಮಾಡ್ದೆ ತಾನೆ?"

ಬಾಕ್ಸು ಕೂಗುವ ಮುಂಚೆ ಆಂಪ್ಲಿಫೈಯರಿನ ಕೆಂಪು ದೀಪ ಮಿನುಗಿದ್ದನ್ನು ಮಾದಯ್ಯ ಕಂಡಿದ್ದ. ಕೈ ದನಿ ತಗ್ಗಿಸುವ ಗುಂಡಿಯ ಮೇಲೇ ಇತ್ತು. ಕೈ ತಡವಾಯಿತೋ, ತಡ ಮಾಡಿತೋ, ಅವನಿಗೇ ತಿಳಿಯಲಿಲ್ಲ. ವೈರು ಸರಿ ಇತ್ತು, ಪಿನ್ನು ಸರಿ ಇತ್ತು. ಬದುಕಿನಲ್ಲಿ ಮೊದಲ ಸಲ ಸರದಿ ಕೊನೆಗೆ ಬಂದು ನಿಂತಿತು, ಮತ್ತು ಅಲ್ಲಿದ್ದ ಮನುಷ್ಯ ಅವನೇ ಆಗಿದ್ದ.

ಅದಾದ ಮೇಲೆ ಅವನು ಒಂದು ಪದ್ಧತಿ ಇಟ್ಟುಕೊಂಡ. ಯಾರೇ ಕರೆದರೂ ಮೊದಲೇ ಹೇಳುತ್ತಿದ್ದ: "ನನ್ನ ಟೆಸ್ಟಿಂಗ್ ಹಾಡು ಇದು. ಅರ್ಥ ಹಿಂಗಿಂಗದೆ. ಈಗ ನಂಗೂ ಗೊತ್ತು, ನಿಮ್ಗೂ ಗೊತ್ತು. ಒಪ್ಪಿಗೆ ಇದ್ರೆ ಬತ್ತೀನಿ." ಉರುಸಿನ ಕಮಿಟಿಯವರು ಒಪ್ಪಿದರು. ಮಠದ ಕಡೆಯ ಕರಿಬಸವಯ್ಯ ಕೇಳಿ ನಕ್ಕು, "ಕೋಟಿನೋರ್ಗೆ ತಾನೆ ಕಣಯ್ಯ, ನಮ್ದು ಕಾವಿ, ಹಾಕು" ಅಂದ. ಆಮೇಲೆ "ಕಾವಿಗೆ ಜೇಬು ಇಲ್ಲ ಅಂತ ಬೇರೆ ಹೇಳ್ಬುಡು" ಅಂತಲೂ ಸೇರಿಸಿದ. ಪಕ್ಷದವರು ಮಾತ್ರ ಯಾರೂ ಒಪ್ಪಲಿಲ್ಲ. ದುಡಿಮೆ ಅರ್ಧಕ್ಕಿಳಿಯಿತು. ಮುದ್ದಮ್ಮ ಬೈದಳು. ಗೌತಮಿ ಬಿಡುವಿದ್ದಾಗ ಅಪ್ಪನ ಜೊತೆ ಬಾಕ್ಸು ಹೊರಲು ಹೋಗತೊಡಗಿದಳು.

ಮಾಗಿಯಲ್ಲಿ ಒಂದು ಬೆಳಿಗ್ಗೆ ವೈರು ಸುತ್ತುತ್ತಾ ಸುತ್ತುತ್ತಾ ಎದೆ ಹಿಡಿದುಕೊಂಡು ಕೂತವನು ಏಳಲಿಲ್ಲ. ಸುತ್ತಿದ ವೈರು ಮೊಣಕೈಯಲ್ಲೇ ಇತ್ತು.

ರಾಜೀವನಗರದ ಬೀದಿಯಲ್ಲೇ ಶ್ರದ್ಧಾಂಜಲಿ ಸಭೆ. ಮೈಕು ಅವನದ್ದೇ. ಎರಡೂ ಪಕ್ಷದವರು ಬಂದಿದ್ದರು; ಬಾರದಿದ್ದರೆ ಏನಂದುಕೊಂಡಾರೋ ಅನ್ನುವ ಅಳುಕು ಇಬ್ಬರಿಗೂ. ಸಿದ್ದಲಿಂಗಸ್ವಾಮಿ ಮುಂದಿನ ಸಾಲಲ್ಲಿ ಕೋಟಿನ ಸಮೇತ ಕೂತಿದ್ದ. ಗೌತಮಿ ಪ್ಲೇಯರ್ ಒತ್ತಿದಳು. ಡ್ರಮ್ಮು ಬಂತು. ಸುಂದರೇಶ ಅರ್ಧ ಎದ್ದ. ಬೇಸ್ ಬಂತು. ಮುಂದಿನ ಸಾಲಿನವರು ಒಬ್ಬರನ್ನೊಬ್ಬರು ಓರೆಗಣ್ಣಲ್ಲಿ ನೋಡಿಕೊಂಡರು. ಆಮೇಲೆ ಎಲ್ಲ ನಿಂತು, ಮರಳು ಗಂಟಲಿನ ಆ ಒಂಟಿ ದನಿ. ಅದರ ಅಡಿಯಲ್ಲಿ ಎಡಗಡೆಯ ಬಾಕ್ಸಿನಿಂದ ಸಣ್ಣಗೆ ಗುಂಯ್.

"ನೋಡಿದ್ರಾ, ಮಗ್ಳೂ ಬೇಕಂತಲೇ..." ಅಂದ ಸುಂದರೇಶ.

ಗೌತಮಿ ಅವನ ಕಡೆ ತಿರುಗಲಿಲ್ಲ. ಹಾಡು ನಿಲ್ಲಿಸದೆ ಎಡಗಡೆಯ ಬಾಕ್ಸಿನ ಹಿಂದೆ ಹೋಗಿ ಮಂಡಿಯೂರಿ ಕೂತು, ವೈರನ್ನು ತುದಿಯಿಂದ ಬೆರಳಲ್ಲಿ ತಡವುತ್ತಾ ಬಂದಳು.