ಅಪ್ಪನ ಪಂಚಾಯಿತಿಕೆ ತುಳುವಿನಲ್ಲಿ ನಡೆಯಿತು

ನಾನು ಚಿಕ್ಕವಳಿದ್ದಾಗ ನಾವು ಪಡುಬಿದ್ರಿಯಿಂದ ಒಳಗೆ ಹೋಗುವ ರಸ್ತೆಯ ಪಕ್ಕ, ತಗಡಿನ ಶೆಡ್ಡಿನಲ್ಲಿದ್ದೆವು. ಅಪ್ಪ, ಅವ್ವ ಬಾಗಲಕೋಟೆ ಕಡೆಯಿಂದ ಕೆಲಸ ಹುಡುಕಿಕೊಂಡು ಬಂದವರು. ಊರಿನ ಧಣಿಗಳ ಮನೆಯ ಸುತ್ತ ಅಪ್ಪ ಕೆಂಪುಕಲ್ಲಿನ ಪಾಗಾರದ ಗೋಡೆ ಕಟ್ಟುತ್ತಿದ್ದ. ಸಂಜೆ ಮನೆಗೆ ಬಂದರೆ ಅವನ ರೆಪ್ಪೆಗೂದಲಿನ ಮೇಲೂ ಕೆಂಪು ಧೂಳು. ನಾನು ಶಾಲೆಯ ಗೆಳತಿಯರ ಜೊತೆ ಆಡುತ್ತಾ ತುಳು ಕಲಿತುಬಿಟ್ಟಿದ್ದೆ. ಅಪ್ಪನಿಗೆ ನಮ್ಮ ಕಡೆಯ ಕನ್ನಡ ಬಿಟ್ಟರೆ ಬೇರೇನೂ ಬರುತ್ತಿರಲಿಲ್ಲ.

ಒಂದು ಬೆಳಿಗ್ಗೆ ಧಣಿಗಳ ಬಾವಿಯ ಪಂಪು ಕಾಣೆಯಾಗಿತ್ತು. ಮಧ್ಯಾಹ್ನದೊಳಗೆ ಊರಿನ ಹಿರಿಯರು ಧಣಿಗಳ ಅಂಗಳದಲ್ಲೇ ಪಂಚಾಯಿತಿಕೆಗೆ ಸೇರಿದರು. ಪಂಪು ಕಳೆದುಕೊಂಡ ಧಣಿಗಳೂ ಆ ಹಿರಿಯರ ಸಾಲಿನಲ್ಲೇ ಕುರ್ಚಿ ಹಾಕಿಕೊಂಡು ಕುಳಿತರು. ಅಪ್ಪನನ್ನು ಬಿಸಿಲಿನಲ್ಲಿ ನಿಲ್ಲಿಸಿದರು. ಅಂಗಳದ ಮೂಲೆಯಲ್ಲಿ ಹರವಿದ್ದ ಒಣಮೀನಿನ ವಾಸನೆ ಮೂಗಿಗೆ ಅಡರುತ್ತಿತ್ತು. ಅವ್ವ ನನ್ನ ಕೈಯನ್ನು ನೋಯುವಷ್ಟು ಬಿಗಿಯಾಗಿ ಹಿಡಿದುಕೊಂಡಿದ್ದಳು.

ಮಾತೆಲ್ಲ ತುಳುವಿನಲ್ಲಿ ನಡೆಯಿತು. ಯಾರು ಮಾತಾಡಿದರೂ ಅಪ್ಪ ಅವರ ತುಟಿಗಳನ್ನೇ ನೋಡುತ್ತಿದ್ದ. ನನಗೆ ಎಲ್ಲವೂ ತಿಳಿಯುತ್ತಿತ್ತು. ಬಾವಿಯ ಹತ್ತಿರ ದಿನವೂ ಓಡಾಡುವವನು ಇವನೊಬ್ಬನೇ ಎಂದರು. ಘಟ್ಟದ ಮೇಲಿನಿಂದ ಬಂದವರನ್ನು ನಂಬಬಾರದು ಎಂದರು. ಪಂಪು ಒಯ್ದದ್ದನ್ನು ಕಂಡವರು ಯಾರು ಎಂದು ಮಾತ್ರ ಒಬ್ಬರೂ ಕೇಳಲಿಲ್ಲ.

ಕೊನೆಗೆ ಒಬ್ಬ ಹಿರಿಯರು ಕನ್ನಡದಲ್ಲಿ, "ತೆಗೆದದ್ದು ಹೌದಾ, ಅಲ್ವಾ? ಅಷ್ಟು ಹೇಳು ಮಾರಾಯ" ಎಂದರು.

"ನಾ ತಗೊಂಡಿಲ್ರಿ. ನಿನ್ನಿ ಸಂಜಿಗೇ ಲಾರಿ ಹತ್ತಿ ಆದಿ ಉಡುಪಿ ಸಂತಿಗೆ ಉಳ್ಳಾಗಡ್ಡಿ ಚೀಲ ಇಳಸಾಕ ಹೋಗಿದ್ದೆ. ಮುಂಜಾನಿ ಬಂದೀನ್ರಿ. ಬೇಕಾದ್ರ ಅಲ್ಲಿ..."

"ಅದೆಲ್ಲ ಎಂತಕ್ಕೆ? ಕೇಳಿದ್ದಕ್ಕೆ ಮಾತ್ರ ಹೇಳು."

ಆಗ ನಮ್ಮ ಹಿಂದಿನ ಮನೆಯ ಕ್ರೈಸ್ತ ಹೆಂಗಸು ಮುಂದೆ ಬಂದರು. ಊರವರೆಲ್ಲ ಅವರನ್ನು ಬಾಯಿ ಎಂದು ಕರೆಯುತ್ತಿದ್ದರು. ಅಪ್ಪನಿಗೂ ತಿಳಿಯಲಿ ಎಂದೋ ಏನೋ, ಕನ್ನಡದಲ್ಲೇ, "ಇವ ಲಾರಿ ಹತ್ತಿದ್ದನ್ನು ನಾನು ನೋಡಿದ್ದೇನೆ" ಎಂದರು. ಅಪ್ಪನ ಮುಖ ಅರಳಿತು.

"ಹೆಂಗಸರಿಗೆ ಇಲ್ಲಿ ಎಂತ ಕೆಲಸ ಬಾಯಿ? ನೀವು ಮನೆಗೆ ಹೋಗಿ" ಎಂದರು ಧಣಿಗಳು. ಬಾಯಿ ಹೊರಟುಹೋದರು.

ನನಗೆ ತಡೆಯಲಾಗಲಿಲ್ಲ. ಅಪ್ಪ ನಿನ್ನೆ ರಾತ್ರಿ ಊರಲ್ಲೇ ಇರಲಿಲ್ಲ ಎಂದು ತುಳುವಿನಲ್ಲಿ ಕೂಗಿದೆ. "ಇದಕ್ಕೆ ತುಳು ಬೇರೆ ಬರ್ತದೆ!" ಎಂದು ಯಾರೋ ನಕ್ಕರು. ಅವ್ವ ನನ್ನನ್ನು ಹಿಂದಕ್ಕೆ ಎಳೆದುಕೊಂಡಳು.

ತೀರ್ಪೂ ತುಳುವಿನಲ್ಲೇ ಬಂತು. ಎಲ್ಲರೂ ಎದ್ದರು. ಪಂಚಾಯಿತಿಕೆ ಮುಗಿದದ್ದು ಅಪ್ಪನಿಗೆ ಗೊತ್ತಾಗಲೇ ಇಲ್ಲ. ನನ್ನ ಹತ್ತಿರ ಬಂದು, "ಏನಂದ್ರವ್ವಾ? ಬಿಟ್ರೇನು?" ಎಂದ.

"ಹೊತ್ತು ಮುಳುಗೂದ್ರಾಗ ಊರು ಬಿಡಬೇಕಂತಪ್ಪಾ" ಎಂದೆ.

ಅಪ್ಪ ಖಾಲಿ ಕುರ್ಚಿಗಳ ಕಡೆ ನೋಡಿದ. "ನಾ ಇನ್ನೂ ಹೇಳಿ ಮುಗಿಸಿದ್ದಿಲ್ಲವ್ವಾ" ಎಂದ. ಆ ಸಂಜೆಯೇ ಪಾತ್ರೆ, ಚಾಪೆ ಕಟ್ಟಿಕೊಂಡು ಮಣಿಪಾಲದ ಬಸ್ಸು ಹತ್ತಿದೆವು. ಪಂಪು ಯಾರು ಒಯ್ದರೆಂದು ನಮಗೆ ತಿಳಿಯಲೇ ಇಲ್ಲ.

ಮಕ್ಕಳೇ, ನೀವು ಇಲ್ಲೇ ಮಣಿಪಾಲದಲ್ಲಿ ಹುಟ್ಟಿದವರು. ತುಳುವಿನಲ್ಲೇ ಆಡುತ್ತೀರಿ, ತುಳುವಿನಲ್ಲೇ ಜಗಳವಾಡುತ್ತೀರಿ. ತಪ್ಪು ಹೊರಿಸಿಕೊಂಡವನಿಗೆ ಅವನಿಗೆ ತಿಳಿಯುವ ಭಾಷೆಯಲ್ಲಿ ಹೇಳಬೇಕು, ಅವನ ಮಾತನ್ನೂ ಕೇಳಬೇಕು ಎಂದು ನಿಮ್ಮ ಪಾಠದಲ್ಲೇ ಉಂಟು. ಆದರೂ ಮೊನ್ನೆ ನಮ್ಮ ಕಟ್ಟಡದಲ್ಲಿ ಸೈಕಲ್ ಕಳೆದಾಗ ದೊಡ್ಡವರೆಲ್ಲ ಕೆಳಗೆ ಸೇರಿ ತುಳುವಿನಲ್ಲೇ ಮಾತಾಡಿ, ಅಸ್ಸಾಮಿನ ಕಾವಲುಗಾರ ಹುಡುಗನನ್ನು ಕೆಲಸದಿಂದ ಕಳಿಸಿಬಿಟ್ಟರು. ಗೇಟಿನ ಬಳಿ ಅವನು ನನ್ನ ಕಡೆ ತಿರುಗಿ ಏನೇನೋ ಹೇಳಿದ. ಅವನ ಭಾಷೆ ನನಗೆ ಬರುವುದಿಲ್ಲ.