ಮೀಸೆಯಿದ್ದ ರಾಣಿ

ಆನವಟ್ಟಿ ಹತ್ತಿರದ ಹಳ್ಳಿಯೊಂದರ ಶಾಲೆಯಲ್ಲಿ ನಾನು ಟೀಚರು. ಶಿಕಾರಿಪುರದಿಂದ ದಿನವೂ ಬಸ್ಸಿನಲ್ಲಿ ಹೋಗಿಬರುತ್ತೇನೆ. ಹೋದ ವರ್ಷ ಊರಿನ ಮಹಿಳಾ ಸಂಘದವರು ಮಹಿಳಾ ದಿನಕ್ಕೊಂದು ನಾಟಕ ಬರೆದುಕೊಡಿ ಎಂದು ಬೆನ್ನುಬಿದ್ದರು. ನಮ್ಮ ದೇಶದಲ್ಲಿ ಮೊದಮೊದಲು ಸಿನಿಮಾ ತೆಗೆದ ಹಿರಿಯರೊಬ್ಬರ ಕಥೆ ಬರೆದೆ. ಆಗ ಕ್ಯಾಮೆರಾ ಮುಂದೆ ನಿಲ್ಲಲು ಹೆಂಗಸರು ಯಾರೂ ಒಪ್ಪದೆ, ಹೋಟೆಲಿನಲ್ಲಿ ಕೆಲಸಕ್ಕಿದ್ದ ಗಂಡಸಿಗೇ ಸೀರೆ ಉಡಿಸಿ ಅವರು ಮಗನನ್ನು ಕಳೆದುಕೊಂಡು ಅಳುವ ರಾಣಿಯ ಪಾತ್ರ ಮಾಡಿಸಿದ್ದರಂತೆ.

ನಮ್ಮಲ್ಲಿ ಎಲ್ಲ ತಿರುವುಮುರುವು. ಗಂಡಸರ ಪಾತ್ರಗಳಿಗೆಲ್ಲ ಹೆಂಗಸರೇ ಮುಗಿಬಿದ್ದರು. ಸಿನಿಮಾ ತೆಗೆಯುವ ಹಿರಿಯರಾಗಿದ್ದು ಕುರಿ ಸಾಕುವ ಅಕ್ಕ. ಕುರಿಗಳನ್ನು ಕರೆಯುವ ಆಕೆಯ ಗಂಟಲಿಗೆ ಮೈಕೇ ಬೇಕಿರಲಿಲ್ಲ. ರಾಣಿಯಾಗುವ ಹೋಟೆಲಿನವನ ಪಾತ್ರವನ್ನಾದರೂ ಗಂಡಸೊಬ್ಬ ಮಾಡಲಿ ಎಂಬುದು ನನ್ನ ಹಟ. ಸೀರೆ ಎಂದ ಕೂಡಲೇ ಒಬ್ಬೊಬ್ಬರೂ ಜಾರಿಕೊಂಡರು. ಕೊನೆಗೆ ಅಕ್ಕ ತನ್ನ ಗಂಡನನ್ನೇ ಕರೆತಂದಳು.

"ಸೀರಿ ಉಡ್ತೀನ್ರಿ ಟೀಚರ್ರೇ. ಮೀಸಿ ಮಾತ್ರ ತೆಗಿಯಾಕಿಲ್ಲ," ಎಂದ ಆತ. ಕಿವಿಯ ತನಕ ಹುರಿಗೊಳಿಸಿದ ಮೀಸೆ ಅದು.

"ಇರ್ಲಿ ಬಿಡ್ರಿ, ನಾ ನೋಡ್ಕೊಂತೀನಿ," ಎಂದಳು ಅಕ್ಕ.

ನಾಟಕದ ದಿನ ಸಂಜೆ ಶಾಲೆಯ ಅಂಗಳ ತುಂಬಿತ್ತು. ಹಸಿರು ಸೀರೆ ಉಟ್ಟು, ಸೆರಗಿನಿಂದ ಬಾಯಿ ಮುಚ್ಚಿಕೊಂಡು ರಾಣಿ ಬಂದಳು. ಎರಡು ಹೆಜ್ಜೆ ಇಡುವಷ್ಟರಲ್ಲಿ ನೆರಿಗೆ ಕಾಲಿಗೆ ಸಿಕ್ಕಿತು. ಅದನ್ನು ಹಿಡಿಯಲು ಹೋಗಿ ಆತ ಸೆರಗು ಬಿಟ್ಟ. ಮೀಸೆ ಕಂಡದ್ದೇ ತಡ, ಅಂಗಳವಿಡೀ ಗೊಳ್ಳೆಂದಿತು. "ರಾಣಿಗೆ ಮೀಸಿ ಬಂದೈತಲ್ರೋ!" ಎಂದು ಯಾರೋ ಕೂಗಿದರು. ಆತನ ಮುಖ ಕೆಂಪಾಯಿತು. ಎಲ್ಲಿ ಇಳಿದು ಓಡಿಬಿಡುತ್ತಾನೋ ಎಂದು ನಾನು ವೇದಿಕೆಯ ಪಕ್ಕಕ್ಕೆ ಧಾವಿಸಿದೆ.

ಅಕ್ಕ ಅಲುಗಲಿಲ್ಲ. ಹಿರಿಯರ ಪಾತ್ರ ಬಿಡದೆ, ಕೋಟು ಸರಿಮಾಡಿಕೊಂಡು ಜನರತ್ತ ತಿರುಗಿದಳು.

"ಯಾಕ್ರಿ ನಗ್ತೀರಿ? ನಿಮ್ಮನಿ ಹೆಣ್ಮಕ್ಕಳನ್ನ ಕಳಸ್ರಿ ಅಂತ ಮನಿಮನಿಗೆ ಹೋಗಿ ಕೇಳ್ದೆ. ಒಬ್ರಾರ ಕಳ್ಸಿದ್ರ್ಯಾ? ಬಂದಾತ ಇವನೊಬ್ಬನ. ಇವನ ನನ್ನ ರಾಣಿ!"

ನಾನು ಬರೆದ ಮಾತಲ್ಲ ಅದು. ಮುಂದಿನ ಸಾಲಿನ ಹೆಂಗಸರು ಮೊದಲು ಚಪ್ಪಾಳೆ ತಟ್ಟಿದರು, ಆಮೇಲೆ ಅಂಗಳವೆಲ್ಲ ತಟ್ಟಿತು. ರಾಣಿ ಸೆರಗನ್ನು ಸೊಂಟಕ್ಕೆ ಸಿಕ್ಕಿಸಿ, ಮೀಸೆ ತಿರುವುತ್ತಲೇ ಸತ್ತ ಮಗನಿಗಾಗಿ ಅತ್ತಳು. ಅಳುವನ್ನು ನೋಡಿ ಕೆಲವರು ನಿಜಕ್ಕೂ ಕಣ್ಣೊರೆಸಿಕೊಂಡರು.

ನಾಟಕ ಮುಗಿದ ಮೇಲೆ ಬಸ್ಸಿಗೆ ಕಾಯುತ್ತ ನಿಂತಿದ್ದೆ. ಗಂಡಹೆಂಡತಿ ಬೈಕಿನಲ್ಲಿ ಬಂದರು. ವೇಷವನ್ನಿನ್ನೂ ಕಳಚಿರಲಿಲ್ಲ. ಸೀರೆ ಎತ್ತಿಕಟ್ಟಿ ಆತ ಬೈಕು ಓಡಿಸುತ್ತಿದ್ದ, ಹಿಂದೆ ಕೋಟು ತೊಟ್ಟ ಅಕ್ಕ ಕಾಲ ಮೇಲೆ ಕೈಯಿಟ್ಟು ಗತ್ತಿನಿಂದ ಕೂತಿದ್ದಳು. ಚಹಾದಂಗಡಿಯವರು ಲೋಟ ಹಿಡಿದುಕೊಂಡೇ ಎದ್ದು ನಿಂತರು.

"ಬರ್ತೀವ್ರಿ ಟೀಚರ್ರೇ!" ಎಂದು ರಾಣಿಯೇ ಕೂಗಿ ಹೇಳಿದ.