ಆಚೆ ದಂಡೆಯ ಕೂಗು

ಚಿತ್ತಾಪುರದಿಂದ ಸೇಡಂಗೆ ಹೊರಟ ಬಸ್ಸು ಕೆಟ್ಟು ನಿಂತಿತು. ರಸ್ತೆ ಪಕ್ಕದ ಸಮುದಾಯ ಭವನದಲ್ಲಿ ಒಬ್ಬ ಹುಡುಗಿ, ಕಾಗಿಣಾ ನದಿಯ ಕುರಿತು ತಾನು ತೆಗೆದ ಕಿರುಚಿತ್ರವನ್ನು ಊರವರಿಗೆ ತೋರಿಸುತ್ತಿದ್ದಳು. ನಾನೂ ಹೋಗಿ ಕುಳಿತೆ.

ಚಿತ್ರದಲ್ಲಿ ವಿವರಣೆಯೇ ಇಲ್ಲ. ನೀರು, ಎಮ್ಮೆ, ಹಾಸುಬಂಡೆಯ ಮೇಲೆ ಒಣಹಾಕಿದ ಕೌದಿ. ಈ ವಯಸ್ಸಿನಲ್ಲೂ ನನ್ನ ನಾಲಿಗೆ ನನ್ನ ಹಿಡಿತದಲ್ಲಿಲ್ಲ. "ಇದು ಶಹಾಬಾದ ಕಡೀದು, ನಾ ಬಲ್ಲೆ" ಎಂದು ಪಕ್ಕದವನಿಗೆ ಜೋರಾಗಿ ಹೇಳತೊಡಗಿದೆ. ಅಷ್ಟರಲ್ಲಿ ಪರದೆಯ ಮೇಲೆ, ಆಚೆ ದಂಡೆಯ ಹೊಲದಿಂದ ಒಬ್ಬ ಮುದುಕ ಕೈಯೆತ್ತಿ ಏನೋ ಕೂಗಿದ. ಚಿತ್ರ ಮುಗಿಯಿತು.

ಮುಂದೆ ಕುಳಿತಿದ್ದ ಮುದುಕಿ ತಿರುಗಿ ನೋಡಿದಳು. "ಈಗ ಕೂಗಿದವ್ರು ನಮ್ಮ ಮನಿಯವ್ರು ರೀ. ತೀರಿಹೋಗಿ ವರ್ಷಾತು. ಅವ್ರ ದನಿ ಕೇಳ್ಬೇಕಂತ ಬಂದಿದ್ದೆ. ನಿಮ್ದೇ ಕೇಳಿದ್ನಿ."

ನಾಚಿಕೆಯಿಂದ ಕುಗ್ಗಿಹೋದೆ. ಅವಳಿಗೂ ಆ ಹುಡುಗಿಗೂ ಕೈಮುಗಿದೆ. "ತಪ್ಪು ನಂದದ. ಇನ್ನೊಮ್ಮೆ ಹಚ್ಚವ್ವಾ."

ಹುಡುಗಿ ಚಿತ್ರ ಹಚ್ಚುವಷ್ಟರಲ್ಲಿ ಹೊರಗೆ ರಿಪೇರಿಯಾದ ಬಸ್ಸು ಹಾರ್ನ್ ಹೊಡೆಯತೊಡಗಿತು.

"ಮುತ್ಯಾ, ನಿಮ್ಮ ಬಸ್ ಹೊಂಟದ ನೋಡ್ರಿ!" ಯಾರೋ ಅಂದರು.

"ಹೋಗ್ಲಿ ಬಿಡ್ರಿ" ಎಂದು ಎದ್ದು, ಹಾರ್ನ್ ಕೇಳಿಸದಂತೆ ಬಾಗಿಲು ಹಾಕಿದೆ. ಟವೆಲ್ಲಿನ ತುದಿಯನ್ನು ಬಾಯಿಗೆ ಒತ್ತಿಕೊಂಡು ಬಾಗಿಲ ಬಳಿಯೇ ನಿಂತೆ.

ಈ ಸಲ ಮುದುಕನ ಕೂಗು ನೀರಿನ ಮೇಲಿಂದ ಸ್ಪಷ್ಟವಾಗಿ ಬಂತು: "ಏಯ್, ಬುತ್ತಿ ತರ್ತಿಯೋ, ನಾನೇ ಈಜಿ ಬರ್ಲೋ?"

ಎಲ್ಲರೂ ನಕ್ಕರು. ಮುದುಕಿ ಮಾತ್ರ ತಲೆ ಮೇಲೆ ಸೆರಗು ಎಳೆದುಕೊಂಡು ಪರದೆಗೆ ಹೇಳಿದಳು:

"ಬರ್ಲಿಕತ್ತೀನಿ, ತಡೀರಿ. ರೊಟ್ಟಿ ಕಟ್ಲಿಕತ್ತೀನಿ."